ಕೊಸರಿನ ಬಳೆ

ಬೈಲಹೊಂಗಲದ ಪೇಟೆಯಲ್ಲಿ ಇವತ್ತು ಬಳೆ ಇಡಿಸಿಕೊಳ್ಳುವಾಗ, ಗಾಜಿನ ಸದ್ದಿಗೆ ನನ್ನ ಅಂಗೈ ತಾನಾಗಿ ಮುಚ್ಚಿಕೊಂಡಿತು.

ಚಿಕ್ಕಂದಿನಲ್ಲಿ, ಮುನವಳ್ಳಿಯ ಶಾಲೆಯಲ್ಲಿ ಒಂದು ದಿನ ಲಾಭ-ನಷ್ಟದ ಲೆಕ್ಕ. ಹನ್ನೆರಡು ಬಳೆಗಳನ್ನು ಅರವತ್ತು ರೂಪಾಯಿಗೆ ಕೊಂಡು, ಒಂದಕ್ಕೆ ಆರರಂತೆ ಮಾರಿದರೆ ಶೇಕಡಾ ಲಾಭವೆಷ್ಟು? ಎಲ್ಲರದೂ ಇಪ್ಪತ್ತು, ನನ್ನದೊಂದೇ ಹತ್ತು. ಸರ್ ಛಡಿ ಎತ್ತಿದರು. ಒಡೆದಾವೆಂದು ಬಳೆಗಳನ್ನು ಮೊಣಕೈಯತ್ತ ಸರಿಸಿ ಅಂಗೈ ಚಾಚಿದೆ.

“ಹತ್ತು ಹ್ಯಾಂಗ ಬಂತವಾ?”

“ಹನ್ನೊಂದ ಮಾರೇನ್ರಿ ಸರ್. ಒಂದು ಕೊಸರಿಗೆ ಹೋತ್ರಿ.”

ನನ್ನ ಅಮ್ಮಿ ಬಳೆ ಮಾರುತ್ತಿದ್ದಳು. ಎಣಿಸಿ ತೊಡಿಸಿದ ಮೇಲೆ ಕೊಸರೆಂದು ಒಂದನ್ನು ಪುಕ್ಕಟೆ ಏರಿಸದೆ ಯಾರ ಕೈಯನ್ನೂ ಬಿಟ್ಟವಳಲ್ಲ. ಕೊಸರಿಲ್ಲದ ವ್ಯಾಪಾರವೂ ಉಂಟೆಂದು ನನಗೆ ಗೊತ್ತೇ ಇರಲಿಲ್ಲ.

“ಹನ್ನೊಂದಾರ್ಲೆ ಅರವತ್ತಾರು...” ಎಂದು ಗೊಣಗಿದ ಸರ್, ಛಡಿಯನ್ನು ಮೇಜಿನ ಮೇಲಿಟ್ಟು ನಕ್ಕುಬಿಟ್ಟರು. “ನಿನ್ನ ಲೆಕ್ಕ ಬರೋಬ್ಬರಿ ಐತಿ. ಪುಸ್ತಕದಾಗಿನ ವ್ಯಾಪಾರಿ ಜಿಪುಣ ಅದಾನ. ಪರೀಕ್ಷಾದಾಗ ಇಪ್ಪತ್ತ ಬರಿ.”

ಕೈ ಇಳಿಸಿದೆ. ಬಳೆಗಳು ಒಂದೂ ಒಡೆಯದೆ ಮಣಿಕಟ್ಟಿಗೆ ಜಾರಿದವು.

ಇವತ್ತು ಎಣಿಕೆ ಮುಗಿದರೂ ನಾನು ಕೈ ಹಿಂದೆ ತೆಗೆಯಲಿಲ್ಲ. ಬಳೆಗಾರ್ತಿ ನನ್ನ ಮುಖ ನೋಡಿ, ಇನ್ನೊಂದನ್ನು ಏರಿಸಿದಳು.