ಬಿ ಗುಂಪಿನ ಕಪ್

1997ರಲ್ಲಿ, ಒಂಬತ್ತನೆಯ ತರಗತಿಯ ಅರ್ಧದಲ್ಲಿ, ನಾನು ಶಾಲೆ ಬಿಟ್ಟೆ. ಓದು ಹತ್ತಲಿಲ್ಲವೆಂದಲ್ಲ. ಮಾಸ್ಟ್ರು ಹೊಡೆಯಲು ಬೆತ್ತ ಎತ್ತಿದಾಗ ಅವರ ಕೈಯನ್ನೇ ಹಿಡಿದುಬಿಟ್ಟೆ, ಆಮೇಲೆ ಆ ಕಡೆ ಕಾಲಿಡಲಿಲ್ಲ. ಹಿಡಿದದ್ದನ್ನು ಬಿಡದಿರುವುದೊಂದೇ ನನಗೆ ಬಂದ ವಿದ್ಯೆ. ದುಬೈಗೆ ಬಂದು ಎ.ಸಿ. ರಿಪೇರಿಯಲ್ಲಿ ಬದುಕು ಕಟ್ಟಿಕೊಂಡ ಮೇಲೂ, ರಜೆಯ ದಿನ ಅದೇ ವಿದ್ಯೆಯನ್ನು ಕಬಡ್ಡಿ ಅಂಗಳದಲ್ಲಿ ನಡೆಸುತ್ತಿದ್ದೆ. ಬಲ ಮೂಲೆ ನನ್ನದು. ತಂಡ ಕಟ್ಟಿದವನೂ ನಾನೇ, ನಾಯಕನೂ ನಾನೇ.

ಚಳಿಗಾಲ ಬಂತೆಂದರೆ ಇಲ್ಲಿ ನಮ್ಮ ಕರಾವಳಿಯವರ ಪಂದ್ಯಾಟಗಳು ಶುರು. ಎ ಗುಂಪಿನಲ್ಲಿ ಹೆಸರು ಮಾಡಿದವರು ಆಡುತ್ತಾರೆ. ಬಿ ಗುಂಪಿನಲ್ಲಿ ನಮ್ಮಂಥವರು, ಅರವತ್ತೈದು ಕಿಲೋದ ಒಳಗಿನವರು. ಎ ಗುಂಪಿನಲ್ಲಿ ಒಮ್ಮೆ ಆಡಿದವನು ಬಿ ಗುಂಪಿಗೆ ಇಳಿಯುವಂತಿಲ್ಲ ಎಂಬುದು ನಿಯಮ. ನಾನು ಒಮ್ಮೆ ಆಡಿದ್ದೆ. ವರ್ಷಗಳ ಹಿಂದೆ ಎ ಗುಂಪಿನ ಆಟಗಾರನೊಬ್ಬನ ಬೆರಳು ಮುರಿದು, ಜನರ ನಡುವೆ ನಿಂತಿದ್ದ ನನ್ನನ್ನು ಕೊನೆಯ ನಾಲ್ಕು ನಿಮಿಷಕ್ಕೆ ಇಳಿಸಿದ್ದರು. ದೊಡ್ಡ ರೈಡರ್ ಒಬ್ಬನ ಪಾದ ಹಿಡಿದು ಕೆಡವಿದ್ದೆ. ಆ ಕಥೆ ನಮ್ಮ ತಂಡದ ಎಲ್ಲರಿಗೂ ಬಾಯಿಪಾಠ. ಅದನ್ನು ನಿಯಮದ ಪಕ್ಕ ಇಟ್ಟು ನೋಡುವ ಗೋಜಿಗೆ ಯಾರೂ ಹೋಗಿರಲಿಲ್ಲ.

ಕಳೆದ ಸೀಸನ್ನಿಗೆ ನನಗೆ ನಲವತ್ತೆರಡು ತುಂಬಿತ್ತು. ಮೊಣಕಾಲು ಮುಗಿಯುತ್ತ ಬಂದಿತ್ತು. ನಾಯಕನಾಗಿ ಒಂದೇ ಒಂದು ಕಪ್ ಎತ್ತಬೇಕು, ಅದು ಈ ಸಲ ಆಗದಿದ್ದರೆ ಇನ್ನಿಲ್ಲ ಎಂಬುದು ಖಚಿತವಿತ್ತು. ಹಾಗಾಗಿ ಯಾರ ಮುಲಾಜನ್ನೂ ನೋಡಲಿಲ್ಲ.

ದುಬೈಯ ಇಂಟರ್‌ನ್ಯಾಷನಲ್ ಸಿಟಿಯ ನಮ್ಮ ಕೋಣೆಯಲ್ಲಿ ನನ್ನ ಮೇಲಿನ ಮಂಚದವನು ಬೆಳಗಾವಿ ಕಡೆಯ ಬಡಗಿ. ಎಡ ಮೂಲೆಯಲ್ಲಿ ಆಡುತ್ತಿದ್ದ. ಮೊದಲ ಪಂದ್ಯದಲ್ಲಿ ಕಾಲು ಹಿಡಿಯುವ ಬದಲು ಅಂಗಿ ಹಿಡಿದ, ರೈಡರ್ ಜಾರಿಕೊಂಡ. ಎಲ್ಲರೆದುರೇ ಅಂದೆ: "ನಿನಗೆ ಸುತ್ತಿಗೆ ಹಿಡಿಲಿಕ್ಕೆ ಮಾತ್ರ ಗೊತ್ತು. ಹೋಗು, ಬಾಟ್ಲಿಗೆ ನೀರು ತುಂಬಿಸು." ಇಡೀ ಸೀಸನ್ ಅವನು ನೀರು ಹೊತ್ತ. ನಾವು ಗೆಲ್ಲುತ್ತ ಹೋದೆವು. ಮಾಡಿದ್ದು ಸರಿಯಾಗಿತ್ತು ಎಂದೇ ಈಗಲೂ ಅನ್ನುತ್ತೇನೆ.

ನಮ್ಮ ಮುಖ್ಯ ರೈಡರ್ ಸಿಲಿಕಾನ್ ಓಯಸಿಸ್‌ನಲ್ಲಿ ಕೆಲಸ ಮಾಡುವ ಎಂಜಿನಿಯರ್ ಹುಡುಗ. ಸೆಮಿಫೈನಲ್ ಬೆಳಿಗ್ಗೆ ತೂಕ ಹೆಚ್ಚಿತ್ತು. ಮೈಗೆ ಪ್ಲಾಸ್ಟಿಕ್ ಸುತ್ತಿ, ಎರಡು ಜಾಕೆಟ್ ಹಾಕಿಸಿ, ಪಾರ್ಕಿಂಗ್‌ನಲ್ಲಿ ಓಡಿಸಿದೆ.

"ಅಣ್ಣಾ, ಸಾಯ್ತೇನೆ."

"ಸಾಯುದಿದ್ರೆ ತೂಕ ಕೊಟ್ಟು ಸಾಯಿ ಮಾರಾಯ. ಯಲ್ಲಾ, ಓಡು!"

ಆ ಪಂದ್ಯ ಗೆದ್ದೆವು. ಆದರೆ ನಾನು ಅಂಗಳಕ್ಕೆ ಇಳಿಯುವಾಗ ಮೈಕ್ ಹಿಡಿದವರು, ಪಂದ್ಯಾಟದುದ್ದಕ್ಕೂ ವಿವರಣೆ ಕೊಡುವ ದೊಡ್ಡ ಬಾಯಿಯ ಮನುಷ್ಯ, ಹೀಗೆಂದರು: "ಮಾಮನ ಎಕ್ಸ್‌ಪೈರಿ ಡೇಟ್ ನೋಡಿಯೇ ಇಳಿಸಿದ್ದಲ್ವಾ ಮಾರಾಯ್ರೆ? ಮೊಣಕಾಲಿಗೆ ಎಣ್ಣೆ ಆದ್ರೂ ಬಿಟ್ಟಿದ್ದೀರಾ?" ಇಡೀ ಹಾಲ್ ಬಿದ್ದು ಬಿದ್ದು ನಕ್ಕಿತು. ಪಂದ್ಯವನ್ನು ಫೋನಿನಲ್ಲಿ ಲೈವ್ ಬಿಡುತ್ತಿದ್ದರು. ಊರಿನಿಂದ ಮಗಳ ಕರೆ ಬಂತು. "ಪಪ್ಪಾ, ಎಲ್ರೂ ಎಂತಕ್ಕೆ ನಗಾಡಿದ್ದು?"

"ನೀನು ಫೈನಲ್ ನೋಡು" ಅಂದು ಫೋನ್ ಇಟ್ಟೆ.

ಫೈನಲ್ ಅಬುಧಾಬಿಯ ಬನಿಯಾಸ್‌ನಲ್ಲಿ. ಫೈನಲ್‌ಗೆ ಮುಂಚೆ ಒಬ್ಬೊಬ್ಬ ಆಟಗಾರನನ್ನೂ ಮೈಕಿನಲ್ಲಿ ಹೊಗಳಿ ಪರಿಚಯಿಸುವುದು ನಮ್ಮಲ್ಲಿ ಪದ್ಧತಿ. ನಾನೇ ಹೋಗಿ ಮೈಕಿನವರಿಗೆ ಹೇಳಿದೆ: ಇವತ್ತು ನನ್ನ ಪರಿಚಯ ಸರಿಯಾಗಿ ಆಗಬೇಕು. ನಾಲ್ಕು ನಿಮಿಷದ ಕಥೆ ಕೇಳಿ ಅವರ ಕಣ್ಣರಳಿತು. "ಇಷ್ಟು ದಿನ ಎಂತಕ್ಕೆ ಹೇಳ್ಲಿಲ್ಲ ಮಾರಾಯ್ರೆ?" ಎಂದವರೇ ಮೈಕಿನಲ್ಲಿ ಗುಡುಗಿದರು: "ಎ ಗುಂಪಿನ ಅಂಗಳದಲ್ಲಿ ಘಟಾನುಘಟಿಗಳ ಪಾದ ಹಿಡಿದು ಕೆಡವಿದ ಹಿರಿಯ ಹುಲಿ!" ಹಾಲ್ ಚಪ್ಪಾಳೆ ತಟ್ಟಿತು. ಕ್ಯಾಮೆರಾದ ಕಡೆ ತಿರುಗಿ, ಮಗಳಿಗೆ ಕಾಣಲೆಂದು, ಕೈ ಎತ್ತಿದೆ.

ಎರಡು ಅಂಕಗಳಿಂದ ಗೆದ್ದೆವು. ಕೊನೆಯ ರೈಡರ್‌ನನ್ನು ಹಿಡಿದದ್ದು ನಾನು.

ಕಪ್ ಮೇಜಿನ ಮೇಲೆ ಬಂದಿತ್ತು. ಅಷ್ಟರಲ್ಲಿ ಸೋತ ತಂಡದ ಮ್ಯಾನೇಜರ್ ಬಂದು ಅದರ ಪಕ್ಕ ತನ್ನ ಫೋನ್ ಇಟ್ಟ. ಲೈವ್ ಹಿಂದಕ್ಕೆ ಓಡಿಸಿ ನನ್ನ ಪರಿಚಯ ಕೇಳಿಸಿದ. ಹಿರಿಯ ಹುಲಿ, ಇನ್ನೊಮ್ಮೆ.

ಸಮಿತಿಯ ಅಧ್ಯಕ್ಷರು ನಮ್ಮನ್ನೆಲ್ಲ ಸಾಲಾಗಿ ನಿಲ್ಲಿಸಿದರು. "ತಂಡಕ್ಕೆ ಗೊತ್ತಿದ್ದೂ ಆಡಿಸಿದ್ದಾದ್ರೆ ತಂಡವೇ ಹೊರಗೆ. ಇವ್ರೊಬ್ರೇ ಮುಚ್ಚಿಟ್ಟದ್ದಾದ್ರೆ ಇವ್ರೊಬ್ರು ಹೊರಗೆ, ಬರುವ ಆದಿತ್ಯವಾರ ಪುನಃ ಫೈನಲ್. ಸತ್ಯ ಹೇಳಿ, ನಿಮ್ಗೆ ಗೊತ್ತಿತ್ತಾ?"

ಒಬ್ಬೊಬ್ಬರನ್ನೇ ಕೇಳಿದರು. ಎಂಜಿನಿಯರ್ ನೆಲ ನೋಡುತ್ತ, "ಇಲ್ಲ ಸರ್, ಪ್ರಾಮಿಸ್" ಅಂದ. ಉಳಿದವರೂ ಇಲ್ಲವೆಂದರು. ಕೊನೆಗೆ ನಿಂತಿದ್ದ ಬಡಗಿ ಮಾತ್ರ ನನ್ನ ಕಣ್ಣನ್ನೇ ನೋಡಿದ. "ಒಂದ ಖೋಲಿಯೊಳಗ ಅದೀವ್ರಿ. ಈ ಮನಶ್ಯಾ ಒಂದ ಮಾತೂ ಹೇಳಿಲ್ರಿ."

ಅಧ್ಯಕ್ಷರು ನನ್ನ ಕಡೆ ತಿರುಗಿದರು. "ಮುಚ್ಚಿಟ್ಟದ್ದು ಹೌದಾ?"

ಇಲ್ಲವೆಂದರೆ ನಾನು ಕಟ್ಟಿದ ತಂಡ ಅಲ್ಲಿಗೇ ಮುಗಿಯುತ್ತಿತ್ತು. "ಹೌದು" ಅಂದೆ.

"ಮುಚ್ಚಿಟ್ಟವ ಮೈಕಿನಲ್ಲಿ ಹೇಳಿಸ್ತಾನಾ ಮಾರಾಯ್ರೆ?" ಎಂದು ಹಿಂದಿನಿಂದ ಯಾರೋ ಕೇಳಿದರು. ಹಾಲ್ ನಕ್ಕಿತು. ಅಧ್ಯಕ್ಷರೂ ನಗು ಒರೆಸಿಕೊಂಡು "ಖಲಾಸ್" ಅಂದರು. ಕಪ್ಪನ್ನು ಮೇಜಿನಿಂದ ತೆಗೆದು ರಟ್ಟಿನ ಪೆಟ್ಟಿಗೆಗೆ ಹಾಕಿದರು.

ವಾಪಸು ಬರುವ ವ್ಯಾನಿನಲ್ಲಿ ಎಂಜಿನಿಯರ್ ಕೇಳಿದ, "ನಿಮ್ಗೆ ಮೈಕಿನವರ ಹತ್ರ ಹೋಗ್ಲಿಕ್ಕೆ ಹೇಳಿದ್ದು ಯಾರು?" ಮುಂದಿನ ಸೀಟಿನವನು ಕಿಟಕಿಗೆ ಹೇಳುವಂತೆ ಹೇಳಿದ: "ಹುಲಿಗೆ ಹಸಿವಾಗಿತ್ತು." ದುಬೈ ತಲುಪುವ ಮೊದಲೇ ನನ್ನನ್ನು ತಂಡದ ವಾಟ್ಸ್ಆ್ಯಪ್ ಗ್ರೂಪಿನಿಂದ ತೆಗೆದರು. ತೆಗೆದವನೂ ಅದೇ ವ್ಯಾನಿನಲ್ಲಿದ್ದ. ಇಳಿಯುವಾಗ ಅವನ ಬ್ಯಾಗ್ ನನ್ನ ಕಾಲಿಗೆ ತಾಗಿತು, "ಸಾರಿ ಅಣ್ಣ" ಅಂದ.

ಮರು ಫೈನಲ್ ನಾನು ಮಂಚದ ಮೇಲೆ ಕುಳಿತು ಫೋನಿನಲ್ಲಿ ನೋಡಿದೆ. ನನ್ನ ಬಲ ಮೂಲೆಯಲ್ಲಿ ಬಡಗಿ ನಿಂತಿದ್ದ. ಚೆನ್ನಾಗಿ ಆಡಿದ, ಸುಳ್ಳು ಹೇಳುವುದಿಲ್ಲ. ಗೆದ್ದರು. ಮೈಕಿನಲ್ಲಿ ಎಂಜಿನಿಯರ್ ಅಧ್ಯಕ್ಷರಿಗೆ, ವ್ಯಾನಿನ ಡ್ರೈವರಿಗೆ, ಊಟ ಕೊಟ್ಟ ಹೋಟೆಲಿನವರಿಗೆ ಧನ್ಯವಾದ ಹೇಳಿದ. ಮಗಳೂ ನೋಡುತ್ತಿದ್ದಳಂತೆ. ಆ ದಿನ ಕರೆ ಮಾಡಲಿಲ್ಲ.

ಬಡಗಿ ಕಪ್ಪನ್ನು ಕೋಣೆಗೇ ತಂದ. ಇಡಲು ಜಾಗ ಹುಡುಕಿ, ನನ್ನ ಮಂಚದಿಂದ ನೇರ ಕಾಣುವ ಫ್ರಿಜ್ಜಿನ ಮೇಲೆ ಇಟ್ಟ. "ಇಲ್ಲಿ ಇರ್ಲೇನ್ರಿ ಅಣ್ಣಾ?"

"ಇರಲಿ" ಅಂದೆ.

ಈಗಲೂ ಅಲ್ಲೇ ಇದೆ. ವಾರಕ್ಕೊಮ್ಮೆ ಅವನೇ ಧೂಳು ಒರೆಸುತ್ತಾನೆ. ಕೋಣೆ ಬದಲಿಸು ಅಂದವರಿದ್ದಾರೆ. ಬಿಟ್ಟು ಓಡುವವನು ನಾನಲ್ಲ.

ಈಗ ನನ್ನ ಹತ್ತಿರ ಇರುವುದು ಇಷ್ಟು: ಊರಿನಲ್ಲಿ ನಾನೇ ಕಟ್ಟಿಸಿದ ಒಂದು ಮನೆ, ಹೆಂಡತಿ, ಒಬ್ಬಳು ಮಗಳು. ಇಲ್ಲಿ ಒಂದು ಪಿಕಪ್, ಕೈಕೆಳಗೆ ಇಬ್ಬರು ಕೆಲಸಗಾರರು. ಮಡಚಲಾಗದ ಮೊಣಕಾಲು ಒಂದು. ಕಪ್ ಇಲ್ಲ.