ಹೇರಳವಾಗಿದ್ದ ಒಂದು ಗಿಡ

ಬೋಗಾದಿಯಲ್ಲಿ ಆಗಿನ್ನೂ ಮನೆಗಳಿಗಿಂತ ಖಾಲಿ ಸೈಟುಗಳೇ ಹೆಚ್ಚು. ಶಾಲೆ ಬಿಟ್ಟರೆ ನಾನು ಅಲ್ಲೇ. ನಮ್ಮ ಹಿಂದಿನ ಸೈಟಿನ ಕಲ್ಲುಗುಡ್ಡೆಯ ಪಕ್ಕ ಆ ಮಳೆಗಾಲದಲ್ಲಿ ಒಂದು ಗಿಡ ತಾನಾಗಿಯೇ ಹುಟ್ಟಿತ್ತು. ನನ್ನ ಸೊಂಟದೆತ್ತರ, ತುದಿಯಲ್ಲಿ ಕೆಂಪು ಹೂಗೊಂಚಲು. ಹೂವಿನ ಬುಡ ಚೀಪಿದರೆ ಒಂದು ಹನಿ ಸಿಹಿ. ಬೆಳಿಗ್ಗೆ ಅದನ್ನು ಹೀರಲು ಒಂದು ಸೂರಕ್ಕಿ ಬರುತ್ತಿತ್ತು. ಅದಕ್ಕೂ ನನಗೂ ಪೈಪೋಟಿ.

ಅಕ್ಕ ಆಗ ಬಿ.ಎಸ್ಸಿ. ಓದುತ್ತಿದ್ದಳು. ಗಿಡಗಳನ್ನು ಪೇಪರಿನ ನಡುವೆ ಒತ್ತಿ ಒಣಗಿಸಿ, ಹಾಳೆಗೆ ಅಂಟಿಸಿ ಕಾಲೇಜಿಗೆ ಕೊಡಬೇಕಿತ್ತು. ಒಂದು ಕಡಿಮೆ ಬಿದ್ದು ಅಳುಮೋರೆ ಹಾಕಿಕೊಂಡು ಕೂತಿದ್ದಾಗ ನಾನು ಒಂದು ಟಿಸಿಲು ಮುರಿದು ತಂದುಕೊಟ್ಟೆ.

"ಕಾಂಡ ಮುಟ್ಟಿ ನೋಡು, ಚೌಕವಾಗಿದೆ. ಎಲೆ ಎದುರುಬದುರು. ಹೂವಿಗೆ ಎರಡು ತುಟಿ, ಎರಡೇ ಕೇಸರ. ತುಳಸಿ ಬಳಗದ್ದು ಕಣೇ, ಕಾಡು ಸಾಲ್ವಿಯಾ! ಆದ್ರೆ ಬೇರು ಸಮೇತ ಬೇಕು. ಅಲ್ಲಿ ಇನ್ನೂ ಇದ್ಯಾ? ಒಂದೇ ಇದ್ರೆ ಕೀಳ್ಬೇಡ."

ಅಕ್ಕ ನನ್ನನ್ನು ಸರಿಸಮಕ್ಕೆ ಮಾತಾಡಿಸಿದ್ದು ಅದೇ ಮೊದಲು. "ಬೇಕಾದಷ್ಟಿದೆ" ಅಂದುಬಿಟ್ಟೆ.

ಓಡಿಹೋಗಿ ಕಿತ್ತೆ. ಒದ್ದೆ ಮಣ್ಣು, ಸಲೀಸಾಗಿ ಬಂತು. ಕೈಯೆಲ್ಲ ಅದರ ಘಾಟು. ಅಕ್ಕ ಅದನ್ನು ಪೇಪರಿನಲ್ಲಿಟ್ಟು ಅಜ್ಜಿಯ ಹಾಸಿಗೆಯಡಿ ತಳ್ಳಿದಳು.

"ನನ್ ಬೆನ್ನೇನು ನಿಮ್ ಕಾಲೇಜಿನ ಮಿಷನ್ನೇನ್ರೇ?" ಎಂದು ಅಜ್ಜಿ ಗೊಣಗಿದರು.

ಮಾರನೆಯ ಬೆಳಿಗ್ಗೆ ಸೂರಕ್ಕಿ ಬಂತು. ಕಲ್ಲುಗುಡ್ಡೆಯ ಸುತ್ತ ಹಾರಿತು, ಕೂತಿತು, ಮತ್ತೆ ಹಾರಿತು. ಮುಂದಿನ ಮಳೆಗೆ ಕಾದೆ, ಅದರ ಮುಂದಿನದಕ್ಕೂ. ಬೀಜ ಕಟ್ಟುವ ಮೊದಲೇ ಕಿತ್ತಿದ್ದೆನಲ್ಲ, ಹುಟ್ಟುವುದೆಲ್ಲಿಂದ? ಯಾರಿಗೂ ಹೇಳಲಿಲ್ಲ.

ಮೊನ್ನೆ ಒಂಟಿಕೊಪ್ಪಲಿನ ಅಕ್ಕನ ಮನೆಯಲ್ಲಿ ಅವಳ ಮಗಳಿಗೆ, ಕಾಲೇಜಿನವರು ಮಾರ್ಕು ಹಾಕಿ ಹಿಂತಿರುಗಿಸಿದ್ದ ಆ ಹಾಳೆ ಸಿಕ್ಕಿತು. ಹೂವಿನ ಕೆಂಪೆಲ್ಲ ಹೋಗಿ ಕಾಫಿಪುಡಿಯ ಬಣ್ಣ. ಕೆಳಗೆ ಅಕ್ಕನ ದುಂಡು ಅಕ್ಷರ: "ಸ್ಥಳ: ಬೋಗಾದಿ. ಹೇರಳವಾಗಿ ಬೆಳೆಯುತ್ತದೆ." ನನ್ನ ಮಾತನ್ನು ನಂಬಿ ಬರೆದದ್ದು.

"ಚಿಕ್ಕಮ್ಮ, ತೋರ್ಸು ಬಾ" ಎಂದು ಹುಡುಗಿ ಹಟ ಹಿಡಿದಳು. ಸ್ಕೂಟರಿನಲ್ಲಿ ಕರೆದುಕೊಂಡು ಹೋದೆ. ಆ ಸೈಟಿನಲ್ಲಿ ಈಗ ಮೂರಂತಸ್ತಿನ ಪಿ.ಜಿ.; ಗೇಟಿನವರೆಗೂ ಸಿಮೆಂಟು. ಅಕ್ಕಪಕ್ಕದ ಬೀದಿಗಳನ್ನೂ ಸುತ್ತಿದೆವು. ಒಂದು ಗಿಡ ಹುಟ್ಟುವಷ್ಟು ಬರೀ ನೆಲವೂ ಕಾಣಲಿಲ್ಲ.

"ಅಷ್ಟೊಂದಿದ್ವಲ್ಲ, ಎಲ್ಲಾನೂ ಈ ಮನೆ ಕಟ್ಟೋವ್ರೇ ಕಿತ್ತಾಕ್ಬುಟ್ರಾ?" ಎಂದು ಕೇಳಿದಳು.

ಹೌದು ಅನ್ನಬಹುದಿತ್ತು. ಯಾರೂ ಅನುಮಾನ ಪಡುತ್ತಿರಲಿಲ್ಲ.

"ಇಲ್ಲ ಕಣೇ" ಅಂದೆ. "ಇದ್ದಿದ್ದೇ ಒಂದು. ಕಿತ್ತಿದ್ದು ನಾನು."