ಇನ್ನು ವಾಯಿದೆ ಇಲ್ಲವಂತೆ

ಸ್ನೇಹಿತರೇ, ಇವತ್ತು ಕೆ.ಆರ್. ಪೇಟೆ ಕೋರ್ಟಿನಲ್ಲಿ ನಮ್ಮ ವಕೀಲರು ನಗುತ್ತಾ ಬಂದರು. "ನಿಮ್ಮ ಜಮೀನಿನ ಪಾಲಿನ ಕೇಸಿಗೆ ಇನ್ನು ವಾಯಿದೆ ಕೊಡಂಗಿಲ್ಲ, ಬೇಗ ಮುಗಿಸಿ ಅಂತ ಹೈಕೋರ್ಟು ಹೇಳ್ಬುಟ್ಟದೆ ಕಣಪ್ಪ!"

ನನಗೆ ನಗು ಬರಲಿಲ್ಲ. ಎದುರು ಪಾರ್ಟಿ ನನ್ನ ಅಕ್ಕ. ಹಬ್ಬಕ್ಕೂ ಬರುವುದಿಲ್ಲ. ವಾಯಿದೆ ದಿನ ಮಾತ್ರ ಕೋರ್ಟಿನ ಹೊಂಗೆ ಮರದಡಿ ಅವಳ ಮುಖ ಕಾಣುವುದು.

ಇವತ್ತೂ ಎತ್ತಲೋ ನೋಡುತ್ತಾ, "ಬಿಸ್ಲಲ್ಲಿ ಯಾಕ್ಲಾ ನಿಂತಿದ್ದೀಯೆ? ತಲೆನೋವು ಬತ್ತದೆ, ನೆಳ್ಳಿಗೆ ಬಾ" ಎಂದಳು. ಹೋಗಿ ಪಕ್ಕದಲ್ಲಿ ಕೂತೆ. ಕೇಸು ಮುಗಿದರೆ ಇವಳನ್ನು ಎಲ್ಲಿ ನೋಡಲಿ?

ಎದ್ದು ಬಂದು ವಕೀಲರಿಗೆ ಮೆಲ್ಲಗೆ, "ಸಾರ್, ಇನ್ನೊಂದೇ ಒಂದು ವಾಯಿದೆ ಕೇಳಿ" ಎಂದೆ.

"ಬೇಗ ಮುಗಿಸಿ ಅಂತ ಹೈಕೋರ್ಟಿಗೆ ಹೋಗಿದ್ದು ನೀನೇ ಅಲ್ವೇನಪ್ಪ?"

ಹೌದು. ಆಗ ಅಕ್ಕನ ಮೇಲೆ ಕೋಪವಿತ್ತು. ಈಗ ಹೈಕೋರ್ಟಿನ ಮೇಲಿದೆ.